ಎರಡು ಕಣ್ಣಿನ ಯಂತ್ರ, ಹನ್ನೊಂದು ಮನೆಯ ಓಣಿ

ಹೋದ ವಾರ ಚಳ್ಳಕೆರೆಯ ನಮ್ಮ ಮನೆಗೆ ಶಿಲ್ಪಾ ಎಂಬ ಹೊಸ ಸರ್ವೇಯರ್ ಬಂದಿದ್ದಳು. ಕೈಯಲ್ಲಿ ಒಂದು ನಕ್ಷೆಯ ಹಾಳೆ. ಮೊಳಕಾಲ್ಮೂರು ತಾಲ್ಲೂಕಿನ ಒಂದು ನೇಕಾರರ ಊರಿನ ಡ್ರೋನ್ ನಕ್ಷೆ ಅದು. ಹಳೆಯ ಫೈಲಿನಲ್ಲಿ ನನ್ನ ಸಹಿ ನೋಡಿ, ವಿಳಾಸ ಕೇಳಿಕೊಂಡು ಬಂದಿದ್ದಳು.

"ಸಾರ್, ಈ ಓಣಿ ಮೇಲೆ ಕೆಂಪು, ನೀಲಿ ಗೀರು ಐತಲ್ಲ, ಇದು ಚಿತ್ರದ ದೋಷ. ಅಳಿಸಿ 'ರಸ್ತೆ' ಅಂತ ತುಂಬು ಅಂದಿದಾರೆ ಸಾಹೇಬ್ರು. ಮೊದಲು ನೀವು ಮಾಡಿದ ಹಾಳೆ, ಒಂದ್ಮಾತು ಕೇಳೋಣ ಅಂತ ಬಂದೆ."

ಕುಡಿಯುತ್ತಿದ್ದ ಚಹಾ ನನಗೆ ಕಹಿಯಾಯಿತು. "ಸ್ಟೀರಿಯೋಪ್ಲಾಟರ್ ಅಂದ್ರೇನು ಗೊತ್ತೇನಮ್ಮಾ ನಿಂಗೆ?" ಅಂದೆ.

"ಓದಿದೀನಿ ಸಾರ್. ಹಳೇ ಮಷೀನು. ಪರೀಕ್ಷೇಲಿ ಎರಡು ಮಾರ್ಕಿಗೆ ಬರ್ತಿತ್ತು."

ಎರಡು ಮಾರ್ಕು! ಆ ಹೆಣ್ಣುಮಗಳ ಮೇಲೆ ನನಗೆ ಸಿಟ್ಟಿಲ್ಲ. ಕೇಳೋಣ ಎಂದು ಬಿಸಿಲಲ್ಲಿ ನಡೆದು ಬಂದಳಲ್ಲ, ಅದೇ ದೊಡ್ಡದು. ಸಿಟ್ಟು ಇರುವುದು ಆ ಪದವನ್ನು ಎರಡು ಮಾರ್ಕಿಗೆ ಇಳಿಸಿದವರ ಮೇಲೆ. ಅದಕ್ಕಿಂತ ಹೆಚ್ಚು, ಆ ಪದದ ಅರ್ಥ ಚೆನ್ನಾಗಿ ಗೊತ್ತಿದ್ದೂ ಒಂದು ಶನಿವಾರ ಅದನ್ನು ಮರೆತು ಸಹಿ ಹಾಕಿದ ಒಬ್ಬ ಮುದುಕನ ಮೇಲೆ. ಆ ಮುದುಕ ನಾನೇ. ಈ ಕೆಲಸಕ್ಕೆ ಸೇರುವ ಎಲ್ಲರಿಗೂ ತಿಳಿದಿರಲಿ ಎಂದು ಇದನ್ನು ಬರೆಯುತ್ತಿದ್ದೇನೆ. ನನಗೆ ಎಷ್ಟು ಬಡ್ತಿ ಸಿಕ್ಕಿತು, ಯಾವಾಗ ಸಿಕ್ಕಿತು ಎಂಬುದನ್ನು ಬರೆಯುವುದಿಲ್ಲ. ಅದು ನನ್ನ ಹೆಂಡತಿಗೇ ನೆನಪಿಲ್ಲ.

ನಾನು ನನ್ನಿವಾಳದವನು. ಸರಪಳಿ ಹಿಡಿದು ಹೊಲ ಅಳೆಯುವ ಕೆಲಸಕ್ಕೆ ಸೇರಿದವನನ್ನು ಕೆಲವು ವರ್ಷ ವಿಮಾನದ ಫೋಟೋಗಳಿಂದ ನಕ್ಷೆ ಮಾಡುವ ಕಚೇರಿಗೆ ಎರವಲು ಕಳಿಸಿದರು. ಅಲ್ಲಿ ಹನುಮಂತರಾಯರು ಎಂಬ ಹಿರಿಯರು ಸ್ಟೀರಿಯೋಪ್ಲಾಟರ್ ಮುಂದೆ ಕೂರುತ್ತಿದ್ದರು. ಯಂತ್ರ ಒಂದು ಬೀರುವಿನಷ್ಟು ದೊಡ್ಡದು. ವಿಮಾನ ಮುಂದೆ ಹೋಗುತ್ತಾ ಒಂದೇ ನೆಲವನ್ನು ಎರಡು ಜಾಗದಿಂದ ತೆಗೆದ ಎರಡು ಫೋಟೋಗಳನ್ನು ಅದರೊಳಗೆ ಇಡಬೇಕು. ಎಡಗಣ್ಣಿಗೆ ಒಂದು, ಬಲಗಣ್ಣಿಗೆ ಒಂದು. ಎರಡೂ ಕೈಗೆ ಒಂದೊಂದು ಚಕ್ರ, ಕಾಲಿಗೆ ಒಂದು ತಟ್ಟೆ. ಕುಣಿಮಗ್ಗದಲ್ಲಿ ಕೂತ ನೇಕಾರನ ಹಾಗೆ ಕೈಗೂ ಕೆಲಸ, ಕಾಲಿಗೂ ಕೆಲಸ. ಒಳಗೆ ಇಣುಕಿದರೆ ಒಂದು ಸಣ್ಣ ಚುಕ್ಕೆ ಗಾಳಿಯಲ್ಲಿ ತೇಲುತ್ತಿರುತ್ತದೆ. ಕಾಲಿನ ತಟ್ಟೆ ತಿರುಗಿಸಿ ಆ ಚುಕ್ಕೆಯನ್ನು ನಿಧಾನವಾಗಿ ನೆಲಕ್ಕೆ ಮುಟ್ಟಿಸಬೇಕು. ಮುಟ್ಟಿಸಿಕೊಂಡೇ ಹಳ್ಳ, ಬದು, ಗುಡ್ಡದ ಮೇಲೆ ಓಡಿಸಬೇಕು. ಪಕ್ಕದ ಮೇಜಿನ ಮೇಲೆ ಪೆನ್ಸಿಲ್ ತಾನಾಗಿ ಗೆರೆ ಎಳೆಯುತ್ತಾ ಹೋಗುತ್ತದೆ.

ಮೊದಲ ದಿನ ನಾನು ಇಣುಕಿದಾಗ ಮೊಳಕಾಲ್ಮೂರಿನ ಬಂಡೆಗುಡ್ಡ ಮುಖಕ್ಕೆ ಹೊಡೆಯುವ ಹಾಗೆ ಎದ್ದು ನಿಂತಿತು. ಹೆದರಿ ತಲೆ ಹಿಂದಕ್ಕೆ ಎಳೆದುಕೊಂಡೆ. ರಾಯರು ನಕ್ಕರು.

"ಈಗ ಒಂದು ಕಣ್ಣು ಮುಚ್ಕೋ."

ಮುಚ್ಚಿದೆ. ಗುಡ್ಡ ಚಪ್ಪಟೆಯಾಗಿ ಕಾಗದಕ್ಕೆ ಅಂಟಿಕೊಂಡಿತು.

"ಇಷ್ಟೇ ಕಣಯ್ಯಾ ಈ ಯಂತ್ರದ ಹೆಸರಿನ ಅರ್ಥ. ಎರಡು ಕಡೆಯಿಂದ ನೋಡಿ, ನೆಲಕ್ಕೆ ಮುಟ್ಟಿಸಿ, ಆಮೇಲೆ ಗೆರೆ ಎಳಿ. ಒಂದು ಕಡೆಯಿಂದ ನೋಡಿ ಎಳೆದದ್ದು ಚಿತ್ರ. ಅಳತೆ ಅನ್ನಿಸ್ಕೊಳ್ಳಲ್ಲ. ಈ ಯಂತ್ರದ ಗೆರೆಯನ್ನೂ ಮುಗೀತು ಅನ್ನಬ್ಯಾಡ. ಹಾಳೆ ಹಿಡ್ಕೊಂಡು ಹೋಗಿ ಅಲ್ಲಿ ನಿಂತು ನೋಡಿ ಬರೋವರೆಗೂ ಅದು ಪೆನ್ಸಿಲ್ಲೇ, ಮಸಿ ಆಗಲ್ಲ."

ನಮ್ಮಜ್ಜಿಯೂ ಇದನ್ನೇ ಹೇಳುತ್ತಿದ್ದಳು: "ಕಂಡಿದ್ದು ಕಂಡೆ ಅನ್ನು, ಕೇಳಿದ್ದು ಕೇಳಿದೆ ಅನ್ನು. ಎರಡನ್ನೂ ಕಲಸಿ ಮುದ್ದೆ ಮಾಡಬ್ಯಾಡ." ಅಜ್ಜಿ ವಿಮಾನ ನೋಡಿದವಳಲ್ಲ.

ಗುರು ಸಿಕ್ಕ ತಕ್ಷಣ ಬುದ್ಧಿ ಬರುವುದಿಲ್ಲ. ನನ್ನ ಮೊದಲ ದೊಡ್ಡ ಪ್ರಮಾದ ಆದದ್ದು ಆ ವರ್ಷವೇ. ಪ್ಲಾಟರಿಗೆ ಹೋಗುವ ಮೊದಲು ಫೋಟೋಗಳನ್ನು ಕನ್ನಡಿ ಇಟ್ಟ ಒಂದು ಸಣ್ಣ ಯಂತ್ರದಲ್ಲಿ ನೋಡಿ, ಬಾವಿ ಎಲ್ಲಿ, ಗುಡಿ ಎಲ್ಲಿ ಎಂದು ಗುರುತು ಹಾಕುವುದು ನನ್ನ ಕೆಲಸ. ತಳಕು ಕಡೆಯ ಮಳೆ ನಂಬಿದ ಹೊಲಗಳ ಫೋಟೋ ಬಂತು. ನೋಡುತ್ತೇನೆ, ಒಂದು ಹೊಲದ ಪಕ್ಕ ಸಾಲಾಗಿ ಏಳು ಗುಂಡು ಗುಂಡಾದ ಗುಂಡಿಗಳು! ನೀರಿಲ್ಲದ ಸೀಮೆಯಲ್ಲಿ ಏಳು ಬಾವಿ ಕಂಡ ಖುಷಿಗೆ ಏಳಕ್ಕೂ ಗುರುತು ಹಾಕಿದೆ. ನನ್ನ ಗುರುತು ನಂಬಿಕೊಂಡೇ ನಕ್ಷೆ ಆಯಿತು. ಅದನ್ನು ಕಂಡು ಒಬ್ಬ ದೊಡ್ಡ ಅಧಿಕಾರಿ ಬಾವಿ ನೋಡಬೇಕೆಂದು ಜೀಪಿನಲ್ಲಿ ಹೊರಟರು. ಹೊಲ ಗೊತ್ತಿರುವವನು ಎಂದು ನನ್ನನ್ನೂ ಹಿಂದೆ ಕೂರಿಸಿಕೊಂಡರು.

ಅಲ್ಲಿ ಏಳು ಕುರಿಹಟ್ಟಿ. ಮುಳ್ಳಿನ ಬೇಲಿ, ಒಳಗೆ ಹಿಕ್ಕೆ ಗುಡಿಸಿ ಒಟ್ಟಿದ ಗೊಬ್ಬರದ ಗುಡ್ಡೆ. ಕಂಬಳಿ ಹೊದ್ದ ಒಬ್ಬ ಯಜಮಾನ ಬೀಡಿ ಸೇದುತ್ತಾ ಕೂತಿದ್ದ.

"ಇಲ್ಲಿ ಬಾವಿ ಎಲ್ಲಿದಾವಪ್ಪಾ?" ಎಂದು ಸಾಹೇಬರು ಕೇಳಿದರು.

ಅವನು ನಕ್ಷೆ ನೋಡಿದ, ಗೊಬ್ಬರದ ಗುಡ್ಡೆ ನೋಡಿದ, ನನ್ನ ಮುಖ ನೋಡಿದ. "ಇವೇ ನೋಡ್ರಿ ಸಾಮಿ. ಇಳೀರಿ. ಹಗ್ಗ ತಂದೀರೇನು?"

ಆಗಿದ್ದು ಇಷ್ಟು. ಅವಸರದಲ್ಲಿ ನಾನು ಎಡಗಡೆಯ ಫೋಟೋ ಬಲಕ್ಕೆ, ಬಲದ್ದು ಎಡಕ್ಕೆ ಇಟ್ಟಿದ್ದೆ. ಹಾಗೆ ಇಟ್ಟರೆ ಎತ್ತರವಾದದ್ದೆಲ್ಲ ಆಳವಾಗಿ ಕಾಣುತ್ತದೆ. ಗುಡ್ಡೆ ಗುಂಡಿಯಾಗುತ್ತದೆ. ಯಂತ್ರದ್ದೇನೂ ತಪ್ಪಿಲ್ಲ. ನಾನು ಕೊಟ್ಟದ್ದನ್ನು ಅದು ತೋರಿಸಿತು. ಒಂದು ಸಲ ಸ್ಥಳಕ್ಕೆ ಹೋಗಿ ಬಂದಿದ್ದರೆ ಉಳಿಯುತ್ತಿತ್ತು. ಆ ಸಾಹೇಬರು ಬೈದರು, ಆಮೇಲೆ ಕುರಿಯವನು ಕೊಟ್ಟ ಮಜ್ಜಿಗೆ ಕುಡಿದು ನಕ್ಕರು. "ತಿಪ್ಪೇಸ್ವಾಮಿ, ಇನ್ಮೇಲೆ ನೀನು ಬಾವಿ ಬರೆದರೆ ಅದರ ನೀರು ಕುಡಿದು ಬಂದು ಬರಿ" ಅಂದರು. ಅಂಥ ಮೇಲಿನವರೂ ಇದ್ದರು.

ಮೂವತ್ತು ವರ್ಷ ನಾನು ಆ ಮಾತು ನಡೆಸಿದೆ. ಆಮೇಲೆ ಡ್ರೋನ್ ಬಂತು.

ಡ್ರೋನಿನ ಮೇಲೆ ನನಗೇನೂ ಹಗೆ ಇಲ್ಲ, ತಪ್ಪು ತಿಳಿಯಬೇಡಿ. ಅದು ಸ್ಟೀರಿಯೋಪ್ಲಾಟರಿನ ಮೊಮ್ಮಗ. ಅಜ್ಜ ಎರಡು ಫೋಟೋ ಕೂಡಿಸಿದರೆ ಮೊಮ್ಮಗ ಸಾವಿರ ಕೂಡಿಸುತ್ತಾನೆ, ಚಕ್ರ ತಿರುಗಿಸುವ ಕೆಲಸವನ್ನು ಕಂಪ್ಯೂಟರ್ ಮಾಡುತ್ತದೆ. ಕೂಡಿಸಿದ ಚಿತ್ರ ನೋಡಿದ ದಿನ, ರಾಯರು ಬದುಕಿದ್ದು ನೋಡಬೇಕಿತ್ತು ಎಂದುಕೊಂಡೆ. ಆದರೆ ಕಚೇರಿಯಲ್ಲಿ ಜನ ಆ ಪದಗಳನ್ನು ಬಳಸುವ ರೀತಿ ಇತ್ತಲ್ಲ, ಅದು ನನ್ನ ಮೈ ಉರಿಸುತ್ತಿತ್ತು. ಮೊದಲು "ಪ್ಲಾಟರ್‌ನಾಗೆ ಬಂದೈತೆ" ಎಂದು ರೈತನ ಬಾಯಿ ಮುಚ್ಚಿಸುತ್ತಿದ್ದರು. ಈಗ "ಡ್ರೋನ್‌ನಾಗೆ ಬಂದೈತೆ." ಯಂತ್ರದ ಹೆಸರು ಹೇಳಿದರೆ ವಾದ ಮುಗಿಯಿತು. ಅದು ಏನು ಮಾಡುತ್ತದೆ, ಏನು ಮಾಡುವುದಿಲ್ಲ ಎಂದು ಹೇಳಿದವನಿಗೂ ಗೊತ್ತಿಲ್ಲ, ಕೇಳಿದವನಿಗೂ ಗೊತ್ತಿಲ್ಲ.

ನಮ್ಮ ಆಗಿನ ಮೇಲಧಿಕಾರಿಯ ಹೆಸರು ಬೇಡ. ಊರು ನೋಡದೆ ಬರೀ ಹಾಳೆ ನೋಡುತ್ತಿದ್ದುದರಿಂದ ನಾವೆಲ್ಲ ಅವರನ್ನು ಶೀಟ್ ಸಾಹೇಬ್ರು ಅನ್ನುತ್ತಿದ್ದೆವು. ಶಿಲ್ಪಾಳಿಗೆ ಅಳಿಸು ಎಂದವರೂ ಅವರೇ. ಹಳ್ಳಿಗಳ ಮನೆ, ಓಣಿ, ಹಿತ್ತಲು ಎಲ್ಲದಕ್ಕೂ ಡ್ರೋನ್ ಹಾರಿಸಿ ನಕ್ಷೆ ಮಾಡಬೇಕೆಂದು ಆದೇಶ ಬಂದಾಗ ಆ ನೇಕಾರರ ಊರು ನನ್ನ ಪಾಲಿಗೆ ಬಂತು. ಪದ್ಧತಿ ಏನೆಂದರೆ, ಹಾರಾಟದ ಹಿಂದಿನ ದಿನ ಪ್ರತಿಯೊಬ್ಬರೂ ತಮ್ಮ ತಮ್ಮ ಜಾಗದ ಸುತ್ತ ಸುಣ್ಣದ ಗೆರೆ ಎಳೆಯಬೇಕು. ಮೇಲಿನಿಂದ ಆ ಬಿಳಿ ಗೆರೆ ಕಾಣುತ್ತದೆ. ಅದನ್ನು ಹಿಡಿದು ಕಚೇರಿಯಲ್ಲಿ ನಕ್ಷೆ ಬರೆಯುತ್ತಾರೆ.

ಆ ಊರಲ್ಲಿ ಹನ್ನೊಂದು ಮನೆಗಳ ನಡುವೆ ಒಂದು ಉದ್ದನೆಯ ಓಣಿ ಇದೆ. ಹಾಸು ಓಣಿ ಅನ್ನುತ್ತಾರೆ. ಸೀರೆ ನೇಯುವ ಮೊದಲು ರೇಷ್ಮೆಯ ಉದ್ದೆಳೆಗಳನ್ನು, ಅಂದರೆ ಹಾಸನ್ನು, ಈ ತುದಿಯ ಗೂಟದಿಂದ ಆ ತುದಿಯ ಗೂಟಕ್ಕೆ ಬಿಗಿದು ಕಟ್ಟುತ್ತಾರೆ. ಬೆಳಗಿನ ತಂಪಿನಲ್ಲಿ ಏಳೆಂಟು ಜನ ಅಕ್ಕಪಕ್ಕ ನಡೆಯುತ್ತಾ ಎಳೆ ಬಿಡಿಸಿ, ಹರಿದದ್ದನ್ನು ಕೂಡಿಸಿ, ಸುತ್ತಿ ಮಗ್ಗಕ್ಕೆ ಒಯ್ಯುತ್ತಾರೆ. ಅಷ್ಟು ಉದ್ದದ ನೇರ ಜಾಗ ಆ ಊರಲ್ಲಿ ಇನ್ನೊಂದಿಲ್ಲ. ಓಣಿ ಹೋದರೆ ಹನ್ನೊಂದು ಮಗ್ಗ ನಿಲ್ಲುತ್ತವೆ.

ಸುಣ್ಣ ಹಾಕುವ ದಿನ ಎಲ್ಲರೂ ತಮ್ಮ ಗೋಡೆಯ ಬುಡಕ್ಕೆ ಗೆರೆ ಎಳೆದರು. ಓಣಿಗೆ ಮಾತ್ರ ಯಾರೂ ಎಳೆಯಲಿಲ್ಲ. ಅಂಜಿನಮ್ಮ ಎಂಬ ನೇಕಾರಗಿತ್ತಿ, ಗಂಡ ತೀರಿಕೊಂಡ ಮೇಲೂ ಮಗ್ಗ ನಿಲ್ಲಿಸದ ಗಟ್ಟಿಗಿತ್ತಿ, ಸುಣ್ಣದ ಬುಟ್ಟಿ ಹಿಡಿದು ನಿಂತಿದ್ದಳು. ಓಣಿಗೂ ಎಳಿಯಮ್ಮಾ ಅಂದೆ.

"ಬ್ಯಾಡ ಸಾಮಿ. ಓಣಿಗೆ ನಾನು ಸುಣ್ಣ ಹಾಕಿದ್ರೆ ನಂದು ಅಂದಂಗಾಗ್ತೈತೆ. ನಾಳೆ ಎದ್ರು ಮನೆಯೋರ ಮಕ ಹೆಂಗೆ ನೋಡ್ಲಿ?"

ಹನ್ನೊಂದು ಮನೆಯವರೂ ಅದೇ ಮಾತು ಅಂದರು. ಅವರ ಮರ್ಯಾದೆ ಅದು. ಎಲ್ಲರದ್ದನ್ನು ನನ್ನದು ಅನ್ನಬಾರದು. ನಾನೂ ಒತ್ತಾಯ ಮಾಡಲಿಲ್ಲ. ಮರುದಿನ ಹಾರಾಟದ ಬೆಳಿಗ್ಗೆ ನಾನು ಬಂದರೆ ಓಣಿಯಲ್ಲಿ ಎರಡು ಹಾಸು ಕಟ್ಟಲು ಸಿದ್ಧ ಮಾಡುತ್ತಿದ್ದರು. ನಾನೇ, ಈ ಬಾಯಿಂದಲೇ, ಹೇಳಿದೆ: "ಇವತ್ತೊಂದಿನ ಎಲ್ಲ ಒಳಗೆ ಎತ್ತಿಡ್ರಮ್ಮಾ. ಓಣಿ ಖಾಲಿ ಇದ್ರೆ ಚಿತ್ರ ಚೊಕ್ಕ ಬರ್ತೈತೆ." ಗೂಟ ಕಿತ್ತರು, ಗುಡಿಸಿದರು, ನೀರು ಚಿಮುಕಿಸಿದರು. ಮೇಲೆ ಹಾರಿದ ಕಣ್ಣಿಗೆ ಏನು ಕಂಡೀತು? ಗೆರೆಯಿಲ್ಲದ, ಬಳಕೆಯಿಲ್ಲದ ಬರಿದು ನೆಲ.

ಕರಡು ನಕ್ಷೆ ಬಂದಾಗ ಓಣಿಯ ಮೇಲೆ "ಸರ್ಕಾರಿ ಖಾಲಿ ಜಾಗ" ಎಂದು ಬರೆದಿತ್ತು. ಅದನ್ನು ನಾನು ನೋಡಲೇ ಇಲ್ಲ. ಶನಿವಾರದೊಳಗೆ ಹಾಳೆಗಳೆಲ್ಲ ಹೋಗಬೇಕು ಎಂದು ಶೀಟ್ ಸಾಹೇಬರು ತಲೆಯ ಮೇಲೆ ನಿಂತಿದ್ದರು. "ಕರಡು ಹಿಡಿದು ಸ್ಥಳಕ್ಕೆ ಹೋಗಿ ತಪಾಸಣೆ ಮಾಡಿದ್ದೇನೆ" ಎಂಬ ನಮೂನೆಗಳ ಕಟ್ಟು ಮೇಜಿನ ಮೇಲಿತ್ತು.

"ಎಲ್ಲ ಊರಿಗೂ ಹೋಗಾಕೆ ಆಗಲ್ಲ ಸಾರ್" ಅಂದೆ.

"ಯಾರ್ರೀ ಹೋಗು ಅಂದೋರು? ಡ್ರೋನ್ ಹೋಗಿ ಬಂದೈತಲ್ಲ!"

ಮೂವತ್ತು ವರ್ಷ ನೀರು ಕುಡಿದು ಬಾವಿ ಬರೆದವನು ಅಂದು ಚಳ್ಳಕೆರೆಯ ಫ್ಯಾನಿನ ಕೆಳಗೆ ಕೂತು ಸಹಿ ಹಾಕಿದೆ. ಕಟ್ಟಿಗೆ ಕಟ್ಟು.

ತಿಂಗಳೊಪ್ಪತ್ತಿನಲ್ಲಿ ಅಂಜಿನಮ್ಮ ಬಸ್ಸು ಹತ್ತಿ ಕಚೇರಿಗೆ ಬಂದಳು. ಬಾಗಿಲಲ್ಲೇ ನಿಂತು, ಎಲ್ಲರಿಗೂ ಕೇಳುವ ಹಾಗೆ, "ಏಮಯ್ಯಾ ಸರ್ವೇರೂ!" ಎಂದು ತೆಲುಗಿನಲ್ಲೇ ಕರೆದಳು. ಸಿಟ್ಟು ಬಂದಾಗ ಆ ಕಡೆಯವರಿಗೆ ತೆಲುಗು ಮೊದಲು ಬರುತ್ತದೆ. "ನಮ್ಮ ಓಣಿ ಖಾಲಿ ಐತಂತೆ. ಅಲ್ಲಿ ಮಳಿಗೆ ಕಟ್ತಾರಂತೆ. ಗುರುತು ಕಲ್ಲು ಹಾಕಿ ಹೋದ್ರು. ನಾನು ಹಾಸು ಎಲ್ಲಿ ಹಿಡೀಲಿ, ನಿನ್ನ ತಲೆ ಮ್ಯಾಲಾ?"

"ಕೂತ್ಕೋ ಅಂಜಿನಮ್ಮಾ, ನೋಡಾನ."

"ಕೂರಾಕೆ ಬಂದಿಲ್ಲ. ಅವತ್ತು ಹಾಸು ಎತ್ತಿಡು ಅಂದೋನು ನೀನು. ನೀನು ಅಂದಿ ಅಂತ ಎತ್ತಿದ್ವಿ. ಎತ್ತಿದ್ದನ್ನ ಬರ್ಕೊಂಡೆ, ಇದ್ದಿದ್ದನ್ನ ಯಾಕೆ ಬರ್ಕೊಳ್ಳಲಿಲ್ಲ?"

ಸಾಹೇಬರ ಕೋಣೆಗೆ ಹೋದೆ. ಅವರು ಹಾಳೆ ಬಿಚ್ಚಿ, ಬೆರಳಿಟ್ಟು ತೋರಿಸಿದರು.

"ನೋಡಿ, ಖಾಲಿ ಐತೆ. ಚಿತ್ರ ಸುಳ್ಳು ಹೇಳ್ತದೇನ್ರೀ?"

"ಇಲ್ಲ ಸಾರ್. ಸುಳ್ಳು ಹೇಳಿದ್ದು ನಾನು. ತಪಾಸಣೆ ಮಾಡಿದೀನಿ ಅಂತ ಸಹಿ ಹಾಕಿದೀನಿ, ಹೋಗಿಲ್ಲ."

ಅವರು ಬಾಗಿಲ ಕಡೆ ನೋಡಿ ದನಿ ತಗ್ಗಿಸಿದರು. "ನಿವೃತ್ತಿಗೆ ಎಷ್ಟು ತಿಂಗಳೈತೆ ನಿಮಗೆ? ಸುಮ್ನೆ ಬಾಯಿ ಮುಚ್ಕೊಂಡು ಹಾರ ಹಾಕಿಸ್ಕೊಂಡು ಹೋಗ್ರಿ. ಆ ಹೆಂಗಸಿಗೆ ಬೇರೆ ಎಲ್ಲಾದ್ರೂ ನೇಯಾಕೆ ಹೇಳ್ರಿ."

ಆಗ ಕೂಗಾಡಬೇಕಿತ್ತು. ಕೂಗಾಡಲಿಲ್ಲ. ಹೊರಗೆ ಬಂದು ಒಂದು ಹಾಳೆಯಲ್ಲಿ ನಾಲ್ಕು ಸಾಲು ಬರೆದೆ: ಈ ಊರಿಗೆ ನಾನು ತಪಾಸಣೆಗೆ ಹೋಗಿಲ್ಲ, ನನ್ನ ಸಹಿ ತಪ್ಪು, ಮರು ಅಳತೆ ಆಗಬೇಕು. ಅದನ್ನು ಅವರ ಕೈಗೆ ಕೊಡದೆ, ಸ್ವೀಕೃತಿ ಮುದ್ರೆ ಹಾಕಿಸಿ ಅವರ ಮೇಲಿನ ಕಚೇರಿಗೇ ಕಳಿಸಿದೆ. ಮುಂದಿನ ವಾರ ಎರಡು ಕಾಗದ ಒಟ್ಟಿಗೆ ಬಂದವು. ಒಂದು, ಆ ಊರಿಗೆ ಮರು ಹಾರಾಟ, ಮೇಲಧಿಕಾರಿಯ ಸಮ್ಮುಖದಲ್ಲಿ. ಇನ್ನೊಂದು, ಕರ್ತವ್ಯಲೋಪಕ್ಕೆ ನನಗೆ ನೋಟಿಸು. ಎರಡೂ ನ್ಯಾಯವೇ.

ಮರು ಹಾರಾಟದ ಬೆಳಿಗ್ಗೆ ಡ್ರೋನ್ ಹಾರಿಸಲು ಚಳ್ಳಕೆರೆಯ ಸಲೀಂ ಬಂದ. ಅವರಪ್ಪ ಪಂಪ್‌ಸೆಟ್ ರಿಪೇರಿ ಮಾಡುತ್ತಿದ್ದವರು, ಇವನು ಆಕಾಶದ ಕೆಲಸ ಹಿಡಿದ. ಓಣಿ ನೋಡಿ ನಿಂತುಬಿಟ್ಟ. ಈ ತುದಿಯಿಂದ ಆ ತುದಿಗೆ ಕೆಂಪು ಹಾಸು, ಅದರ ಪಕ್ಕ ನೀಲಿ ಹಾಸು, ಬಿಸಿಲಿಗೆ ಮಿರಮಿರ ಅನ್ನುತ್ತಿದ್ದವು. ಹನ್ನೊಂದು ಮನೆಯವರೂ ಹೊರಗೆ.

"ಚಾಚಾ, ಇದನ್ನ ತೆಗೆಸೋದಾ?" ಅಂದ.

"ಮುಟ್ಟಿದ್ರೆ ಇವರು ನಿನ್ನ ಡ್ರೋನ್ ಮೇಲೇಳಾಕೆ ಬಿಡಲ್ಲ ಮಗನೇ. ಹಾರಿಸು."

ಶೀಟ್ ಸಾಹೇಬರ ಜೀಪು ಬಂತು. ಇಳಿದು ಓಣಿಯೊಳಗೆ ಕಾಲಿಡಲು ಹೋದರು.

"ದಾಟಬ್ಯಾಡ್ರಿ!" ಅಂಜಿನಮ್ಮ ಎಳೆ ಬಿಡದೆ ಕೂಗಿದಳು. "ಬಿಗಿದ ಹಾಸು ದಾಟಬಾರ್ದು. ಯಾರಾದ್ರೂ ಸರಿ."

"ನಾನು ಆಫೀಸರಮ್ಮಾ."

"ಇರ್ಲಿ ಬಿಡ್ರಿ, ರೇಷ್ಮೆ ಎಳೆಗೆ ಅದು ಗೊತ್ತಾಗಲ್ಲ."

ಹನ್ನೊಂದು ಮನೆಯೂ ನಕ್ಕಿತು. ಹಾಸು ಮುಗಿಯುವ ತನಕ ಸಾಹೇಬರು ಓಣಿಯ ಬಾಯಲ್ಲಿ ಬಿಸಿಲಿಗೆ ನಿಂತಿದ್ದರು. ತಮ್ಮ ಕೆಲಸದ ಅವಧಿಯಲ್ಲಿ ಒಂದು ಜಾಗದಲ್ಲಿ ಅವರು ಅಷ್ಟು ಹೊತ್ತು ನಿಂತದ್ದು ಅದೇ ಮೊದಲಿರಬೇಕು. ಕಟ್ಟುವುದು, ಬಿಡಿಸುವುದು, ಸುತ್ತುವುದು, ಎಲ್ಲವನ್ನೂ ನೋಡಲೇಬೇಕಾಯಿತು. ಮೇಲಿನಿಂದ ಡ್ರೋನು, ಕೆಳಗಿನಿಂದ ಸಾಹೇಬರು. ಎರಡು ಕಣ್ಣು ಕೂಡಿದವು ಎಂದುಕೊಂಡೆ.

ಮಳಿಗೆಯ ಕಲ್ಲು ಕಿತ್ತರು. "ಖಾಲಿ ಜಾಗ" ಎಂಬುದು ಹೋಯಿತು. ಆದರೆ ಸಾಹೇಬರು ಬರೆದ ವರದಿ ಓದಿದಾಗ ನನ್ನ ರಕ್ತ ಕುದಿಯಿತು. "ಡ್ರೋನ್ ಮರು ಹಾರಾಟದಿಂದ ಓಣಿಯ ಬಳಕೆ ಪತ್ತೆಯಾಗಿದೆ." ಪತ್ತೆಯಾಗಿದೆಯಂತೆ! ಅಂಜಿನಮ್ಮ ಬಸ್ಸು ಹತ್ತಿ ಬಂದದ್ದಿಲ್ಲ, ಹನ್ನೊಂದು ಮನೆಯವರ ಮರ್ಯಾದೆಯ ಮಾತಿಲ್ಲ, ಯಾರೋ ತಪಾಸಣೆಗೆ ಹೋಗದೆ ಸಹಿ ಹಾಕಿದ್ದೂ ಇಲ್ಲ. ಓಣಿಯ ಹೆಸರಿನ ಅಂಕಣ ಮಾತ್ರ ಭರ್ತಿಯಾಗದೆ ಉಳಿಯಿತು. ಮುಂದಿನ ತಿಂಗಳು ನಾನು ನಿವೃತ್ತನಾದೆ. ಹಾರ ಹಾಕಿದರು, ನೋಟಿಸೂ ಜೇಬಿನಲ್ಲಿತ್ತು.

ಈಗ ಇಷ್ಟು ವರ್ಷದ ಮೇಲೆ ಶಿಲ್ಪಾ ತಂದದ್ದು ಅದೇ ಹಾಳೆ, ಆ ಅಂಕಣ ಇನ್ನೂ ಹಾಗೇ ಇದೆ. ಆ ಕೆಂಪು ನೀಲಿ ಗೀರುಗಳು ಆ ದಿನದ ಹಾಸುಗಳು. ಅವತ್ತು ಬಿಸಿಲಲ್ಲಿ ನಿಂತು ಕಣ್ಣಾರೆ ಕಂಡ ಸಾಹೇಬರಿಗೇ ಈಗ ಅವು ಚಿತ್ರದ ದೋಷ. ಕಂಪ್ಯೂಟರಿನಲ್ಲಿ ಆಯ್ಕೆ ಮಾಡಲು ರಸ್ತೆ, ಮನೆ, ಗುಡಿ, ಖಾಲಿ ಜಾಗ ಎಂದೆಲ್ಲ ಇದೆಯಂತೆ, ಹಾಸು ಓಣಿ ಎಂದಿಲ್ಲವಂತೆ. ರಸ್ತೆ ಎಂದು ತುಂಬಿದರೆ ನಾಳೆ ಡಾಂಬರು ಬರುತ್ತದೆ, ನಾಡಿದ್ದು ಟ್ರ್ಯಾಕ್ಟರ್ ಬರುತ್ತದೆ. ಗೂಟ ಎಲ್ಲಿ ನೆಡುತ್ತಾರೆ?

"ನಾಳೆ ಬೆಳಿಗ್ಗೆ ಮೊದಲ ಬಸ್ಸಿಗೆ ಬರ್ತೀಯಾ ತಾಯಿ?" ಅಂದೆ. ಬರ್ತೀನಿ ಅಂದಳು.

ಹೋದೆವು. ಅಂಜಿನಮ್ಮನಿಗೆ ಈಗ ಕೂದಲು ಪೂರ್ತಿ ಬೆಳ್ಳಗಾಗಿದೆ. ಹಸಿರು ಹಾಸು ಬಿಗಿಯುತ್ತಿದ್ದಳು, ತುದಿ ಹಿಡಿಯಲು ಒಬ್ಬರು ಕಡಿಮೆ ಬಿದ್ದಿದ್ದರು. ನನ್ನನ್ನು ನೋಡಿ, "ಬಂದ್ಯಾ ಸರ್ವೇರೂ, ಎತ್ತಿಡು ಅನ್ನಾಕೆ ಬಂದ್ಯಾ?" ಅಂದಳು. ನನ್ನ ಉತ್ತರಕ್ಕೆ ಕಾಯದೆ ಶಿಲ್ಪಾಳ ಕೈಗೆ ಎಳೆಗಳನ್ನು ಕಟ್ಟಿದ ತುದಿಯ ಕೋಲು ಕೊಟ್ಟಳು.

"ಹಿಡ್ಕೋ ಮಗಾ. ಬಿಗಿಯಾಗಿ. ನೀನು ಬಿಟ್ರೆ ಎರಡು ತಿಂಗಳ ಕೆಲಸ ನೆಲಕ್ಕೆ ಬೀಳ್ತೈತೆ."

ಶಿಲ್ಪಾ ಎರಡೂ ಕೈಯಲ್ಲಿ ಹಿಡಿದು ಹಿಂದಕ್ಕೆ ಜಗ್ಗಿ ನಿಂತಳು. ಅವಳ ಕಣ್ಣು ಆ ಎಳೆಗಳ ಮೇಲೆ ಓಣಿಯ ಆ ತುದಿಯವರೆಗೆ ಹೋಗಿ ಬಂತು. ಅಷ್ಟರಲ್ಲಿ ಅವಳ ಚೀಲದೊಳಗೆ ಫೋನ್ ಹೊಡೆದುಕೊಂಡಿತು. ನಾನು ತೆಗೆದು ನೋಡಿದೆ. ಶೀಟ್ ಸಾಹೇಬರು.

"ನನ್ನ ಕಿವಿಗೆ ಹಿಡೀರಿ ಸಾರ್" ಅಂದಳು. ಹಿಡಿದೆ. ಆ ಕಡೆಯಿಂದ "ಏನಮ್ಮಾ, ಆ ಗೀರು ಅಳಿಸಿದ್ಯಾ?" ಎಂಬುದು ನನಗೂ ಕೇಳಿತು.

"ಇಲ್ಲ ಸಾರ್" ಅಂದಳು ಶಿಲ್ಪಾ. "ಅದರ ತುದಿ ಹಿಡ್ಕೊಂಡು ನಿಂತಿದೀನಿ."